ಕೈಕೆಲಸದ ಫುಟೇಜ್ ಯಾರ ಕೈಗೆ? ನೇಯ್ಗೆ ಮಿಲ್ಲೊಂದರ ಸಾಕ್ಷ್ಯಚಿತ್ರ: ಪ್ರಕರಣ ಅಧ್ಯಯನ

ಕಾರ್ಖಾನೆಯೊಳಗೆ ಸಾಕ್ಷ್ಯಚಿತ್ರ ಮಾಡಹೊರಟವರು ಸಾಮಾನ್ಯವಾಗಿ ತಲೆಕೆಡಿಸಿಕೊಳ್ಳುವುದು ಬೆಳಕು, ಸದ್ದು ಮತ್ತು ಒಳಗೆ ಬಿಡುತ್ತಾರೋ ಇಲ್ಲವೋ ಎಂಬುದರ ಬಗ್ಗೆ. ಈ ಪ್ರಕರಣದಲ್ಲಿ ಆ ಮೂರೂ ಚೆನ್ನಾಗಿಯೇ ನಡೆದವು. ಚಿತ್ರ ಅರ್ಧಕ್ಕೆ ನಿಲ್ಲುವ ಹಂತಕ್ಕೆ ಬಂದದ್ದು ಅನುಮತಿ ಪತ್ರದ ಕೊನೆಯ ಒಂದು ಸಾಲಿನಿಂದ. ಯಂತ್ರ ಬದಲಾಗುತ್ತಿರುವ ಯಾವುದೇ ಕಾರ್ಖಾನೆಯಲ್ಲಿ ಕ್ಯಾಮೆರಾ ಹಿಡಿಯುವವರಿಗೆ ಇದೇ ತೊಂದರೆ ಎದುರಾಗಬಹುದು. ಹಾಗಾಗಿ ಎಲ್ಲಿ ಯಾವ ತೀರ್ಮಾನ ಆಯಿತು, ಅದರಿಂದ ಏನಾಯಿತು ಎಂಬುದನ್ನು ವಿವರವಾಗಿ ಬರೆದಿಡಲಾಗಿದೆ. ಮಿಲ್ಲು ಮತ್ತು ವ್ಯಕ್ತಿಗಳ ಗುರುತು ಸಿಗದಂತೆ ಕೆಲವು ವಿವರಗಳನ್ನು ಬದಲಿಸಿದೆ. ಲೆಕ್ಕಗಳನ್ನು ಅರ್ಥವಾಗಲೆಂದು ಸರಳಗೊಳಿಸಿದೆ.

ಹಿನ್ನೆಲೆ

ಅದು ಹತ್ತಿ ಬಟ್ಟೆ ನೇಯುವ ಮಿಲ್ಲು. ಲಾಳಿ ಓಡುವ ಹಳೆಯ ಆಟೋಮ್ಯಾಟಿಕ್ ಮಗ್ಗಗಳನ್ನು ಕಿತ್ತು, ಆ ಜಾಗದಲ್ಲಿ ಏರ್‌ಜೆಟ್ ಮಗ್ಗಗಳನ್ನು ಕೂರಿಸುವ ಕೆಲಸ ಸಾಲುಸಾಲಾಗಿ ನಡೆಯುತ್ತಿತ್ತು. ಲಾಳಿ ಮಗ್ಗ ನಿಮಿಷಕ್ಕೆ ಸುಮಾರು 200 ಸಲ ಹೊಕ್ಕು, ಅಂದರೆ ಅಡ್ಡ ನೂಲು, ಹಾಯಿಸಿದರೆ, ಗಾಳಿಯ ಒತ್ತಡದಿಂದ ನೂಲನ್ನು ತೂರುವ ಏರ್‌ಜೆಟ್ ಮಗ್ಗ 600ರಿಂದ 900 ಸಲ ಹಾಯಿಸುತ್ತದೆ. ಅಷ್ಟೇ ಬಟ್ಟೆಗೆ ಮೊದಲಿನ ಮೂರನೇ ಒಂದು ಅಥವಾ ನಾಲ್ಕನೇ ಒಂದು ಪಾಲು ಮಗ್ಗ ಸಾಕು. ಇನ್ನೊಂದು ಬದಲಾವಣೆ ಹೊರಗಿನವರ ಕಣ್ಣಿಗೆ ಬೇಗ ಬೀಳುವುದಿಲ್ಲ. ಲಾಳಿಯೊಳಗೆ ಕೂರಿಸಲು ಕಂಡಿಕೆ, ಅಂದರೆ ಹೊಕ್ಕಿನ ನೂಲು ಸುತ್ತಿದ ಸಣ್ಣ ಕೊಳವೆ, ಬೇಕು, ಕಂಡಿಕೆ ಸುತ್ತಲು ಒಂದು ವಿಭಾಗವೇ ಬೇಕು. ಏರ್‌ಜೆಟ್ ಮಗ್ಗ ಹೊಕ್ಕಿನ ನೂಲನ್ನು ನೇರವಾಗಿ ಕೋನಿನಿಂದಲೇ, ಅಂದರೆ ನೂಲಿನ ದೊಡ್ಡ ಸುರುಳಿಯಿಂದಲೇ, ಎಳೆದುಕೊಳ್ಳುತ್ತದೆ. ಕೊನೆಯ ಲಾಳಿ ನಿಂತ ದಿನವೇ ಕಂಡಿಕೆ ವಿಭಾಗಕ್ಕೂ ಬೀಗ.

ನಿರ್ದೇಶಕಿ ಮೂವರ ಸುತ್ತ ಚಿತ್ರ ಕಟ್ಟಲು ಹೊರಟಿದ್ದರು: ಹದಿನಾರು ಮಗ್ಗ ನೋಡಿಕೊಳ್ಳುವ ಹಿರಿಯ ನೇಕಾರ, ಕಂಡಿಕೆ ಸುತ್ತುವ ಹೆಂಗಸು, ಮತ್ತು ಪಾನಾ ಬಿಟ್ಟು ಸಾಫ್ಟ್‌ವೇರ್ ಕಲಿಯಬೇಕಾಗಿ ಬಂದ ಜಾಬರ್, ಅಂದರೆ ಮಗ್ಗ ರಿಪೇರಿ ಮಾಡುವವರು. ತಂಡದಲ್ಲಿ ನಿರ್ದೇಶಕಿಯಲ್ಲದೆ ಒಬ್ಬ ಛಾಯಾಗ್ರಾಹಕ, ಒಬ್ಬ ಧ್ವನಿಗ್ರಾಹಕ.

ಆಡಳಿತ ಕೊಟ್ಟ ಅನುಮತಿ ಪತ್ರ ಉದಾರವಾಗಿಯೇ ಇತ್ತು. ಎರಡು ಪಾಳಿಗೂ ಪ್ರವೇಶ, ಶೆಡ್ಡಿನ ಒಳಗೆ ಎಲ್ಲಿ ಬೇಕಾದರೂ ನಿಲ್ಲಬಹುದು. ಕೊನೆಯಲ್ಲಿ ಒಂದು ಸಾಲು: ಆವರಣದಲ್ಲಿ ಚಿತ್ರೀಕರಿಸಿದ ಎಲ್ಲ ದೃಶ್ಯಗಳ ಒಂದು ಪ್ರತಿಯನ್ನು ತರಬೇತಿ ಮತ್ತು ಸುರಕ್ಷತೆಯ ಆಂತರಿಕ ಬಳಕೆಗಾಗಿ ಮಿಲ್ಲಿಗೆ ಒಪ್ಪಿಸತಕ್ಕದ್ದು. ಒಳಗೆ ಬಿಟ್ಟದ್ದಕ್ಕೆ ಸಲ್ಲುವ ಸೌಜನ್ಯ ಎಂದು ಭಾವಿಸಿ ನಿರ್ದೇಶಕಿ ಸಹಿ ಹಾಕಿದರು. ಕಾರ್ಮಿಕರಿಂದ ಬೇರೆಯಾಗಿ ಒಪ್ಪಿಗೆ ಪತ್ರ ಪಡೆಯಲಾಗಿತ್ತು. ಅದರಲ್ಲಿ ಚಿತ್ರೋತ್ಸವ, ಪ್ರಸಾರ, ಇಂಟರ್‌ನೆಟ್ ಎಲ್ಲದರ ಪ್ರಸ್ತಾಪವಿತ್ತು. ರಶಸ್, ಅಂದರೆ ಕತ್ತರಿಸದ ಕಚ್ಚಾ ಫುಟೇಜ್, ಮಿಲ್ಲಿನ ಕೈಗೂ ಹೋಗುತ್ತದೆ ಎಂಬ ಮಾತು ಮಾತ್ರ ಇರಲಿಲ್ಲ.

ಶೆಡ್ಡಿನೊಳಗಿನ ಕೆಲಸ

ಚಿತ್ರೀಕರಣದ ತಾಂತ್ರಿಕ ಭಾಗ ಇಲ್ಲಿ ಮುಖ್ಯ. ಮುಂದೆ ಜಗಳಕ್ಕೆ ಕಾರಣವಾದ ದೃಶ್ಯಗಳು ಹುಟ್ಟಿದ್ದೇ ಈ ತಾಂತ್ರಿಕ ಆಯ್ಕೆಗಳಿಂದ.

ಮೊದಲು ಬೆಳಕು. 50 ಹರ್ಟ್ಸ್ ವಿದ್ಯುತ್ ಇರುವಲ್ಲಿ ಟ್ಯೂಬ್‌ಲೈಟುಗಳು ಮತ್ತು ಅಗ್ಗದ ಎಲ್‌ಇಡಿಗಳು ಸೆಕೆಂಡಿಗೆ 100 ಸಲ ಮಿನುಗುತ್ತವೆ. ಸೆಕೆಂಡಿಗೆ 25 ಫ್ರೇಮ್, ಶಟರ್ (ಒಂದೊಂದು ಫ್ರೇಮಿಗೆ ಬೆಳಕು ಬೀಳುವ ಸಮಯ) 1/50 ಅಥವಾ 1/100 ಸೆಕೆಂಡ್ ಇಟ್ಟರೆ ಈ ಮಿನುಗು ಕಾಣಿಸುವುದಿಲ್ಲ. 24 ಫ್ರೇಮ್ ಬೇಕೆಂದರೆ ಶಟರ್ ಕೋನ 172.8 ಡಿಗ್ರಿಗೆ ಇಡಬೇಕು, ಅದೂ 1/50 ಸೆಕೆಂಡೇ. 60 ಹರ್ಟ್ಸ್ ಇರುವಲ್ಲಿ 1/60 ಅಥವಾ 1/120. ಇಷ್ಟನ್ನು ಪಾಲಿಸಿದ ಮೇಲೂ ಡಿಮ್ಮರ್ ಇರುವ ಎಲ್‌ಇಡಿ ದೀಪಗಳು ತಮ್ಮದೇ ಲಯದಲ್ಲಿ ಮಿನುಗಿ ಚಿತ್ರದ ಮೇಲೆ ಅಡ್ಡಪಟ್ಟಿ ಎಳೆಯಬಹುದು. ಅದು ಚಿಕ್ಕ ಮಾನಿಟರಿನಲ್ಲಿ ಗೊತ್ತಾಗುವುದಿಲ್ಲ. ಪ್ರತಿ ಸಾಲಿನಲ್ಲೂ ಒಂದೊಂದು ತುಣುಕು ತೆಗೆದು ದೊಡ್ಡ ಪರದೆಯ ಮೇಲೆ ನೋಡಿಯೇ ಮುಂದುವರಿಯಬೇಕು.

ಲಾಳಿಯನ್ನು ಚಿತ್ರಿಸುವುದು ಬೇರೆಯೇ ಸಮಸ್ಯೆ. ಅದು ಸೆಕೆಂಡಿಗೆ 12 ಮೀಟರಿನಷ್ಟು ವೇಗದಲ್ಲಿ ಹಾರುತ್ತದೆ ಎಂದುಕೊಳ್ಳಿ. 1/50 ಶಟರಿನಲ್ಲಿ ಒಂದು ಫ್ರೇಮಿನೊಳಗೇ 24 ಸೆಂಟಿಮೀಟರ್ ಸರಿದಿರುತ್ತದೆ. ಪರದೆಯ ಮೇಲೆ ಬರೀ ಕಂದು ಗೆರೆ. ಶಟರ್ ವೇಗ ಹೆಚ್ಚಿಸಿದರೆ ಮಿನುಗು ಎದ್ದು ಕಾಣುತ್ತದೆ. ಸೆಕೆಂಡಿಗೆ 200 ಫ್ರೇಮಿನ ನಿಧಾನಗತಿಗೆ ಹೋದರೆ ಇನ್ನೂ ಕಷ್ಟ: ದೀಪ 100 ಸಲ ಮಿನುಗುವಾಗ ಒಂದು ಫ್ರೇಮ್ ಬೆಳಗಿ ಮುಂದಿನದು ಮಂಕಾಗುತ್ತದೆ, ಜೊತೆಗೆ ಎಂಟು ಪಟ್ಟು ಬೆಳಕು ಬೇಕು. ತಂಡ ಬ್ಯಾಟರಿಯಿಂದ ನಡೆಯುವ, ಮಿನುಗದ ಎರಡು ಎಲ್‌ಇಡಿ ಪ್ಯಾನೆಲ್ ತಂದು, ಒಂದೇ ಒಂದು ಮಗ್ಗದ ಸುತ್ತ ಹಿಡಿದು, ಆ ಮಗ್ಗದ ಮೇಲಿನ ಮಿಲ್ಲಿನ ದೀಪ ಆರಿಸಿಸಿ ನಿಧಾನಗತಿಯ ದೃಶ್ಯ ತೆಗೆಯಿತು. ಲಾಳಿಯ ಜೊತೆಗೆ ಹಿರಿಯ ನೇಕಾರ ಕಡಿದ ಎಳೆ ಜೋಡಿಸುವುದನ್ನೂ ಅದೇ ಬೆಳಕಿನಲ್ಲಿ, ಮೊದಲಿಂದ ಕೊನೆಯವರೆಗೆ ಒಂದೇ ಶಾಟಿನಲ್ಲಿ ಚಿತ್ರಿಸಿಕೊಂಡರು. ತಾಂತ್ರಿಕವಾಗಿ ಇಡೀ ಚಿತ್ರದ ಅತ್ಯುತ್ತಮ ದೃಶ್ಯ ಅದೇ.

ಸದ್ದಿನ ವಿಷಯ. ಲಾಳಿ ಮಗ್ಗದ ಶೆಡ್ಡಿನಲ್ಲಿ 95ರಿಂದ 100 ಡೆಸಿಬೆಲ್ ಗದ್ದಲ ಸಾಮಾನ್ಯ. ಕೆಲಸದ ಸ್ಥಳದ ಸುರಕ್ಷತೆ, ಆರೋಗ್ಯವನ್ನು ಅಧ್ಯಯನ ಮಾಡುವ ಅಮೆರಿಕದ ನಿಯೋಶ್ ಸಂಸ್ಥೆಯ ಶಿಫಾರಸಿನ ಪ್ರಕಾರ 85 ಡೆಸಿಬೆಲ್ ಎಂಟು ಗಂಟೆಗೆ ಮಿತಿ, ಅಲ್ಲಿಂದ ಪ್ರತಿ 3 ಡೆಸಿಬೆಲ್‌ಗೆ ಸಮಯ ಅರ್ಧ. ಹಾಗೆ ಲೆಕ್ಕ ಹಾಕಿದರೆ 97ರಲ್ಲಿ ಬರಿಗಿವಿಯಲ್ಲಿ ಅರ್ಧ ಗಂಟೆ ಮಾತ್ರ. ತಂಡದವರೆಲ್ಲ ಇಯರ್‌ಮಫ್ ಹಾಕಲೇಬೇಕು. ಹಾಕಿದ ಮೇಲೆ ಧ್ವನಿಗ್ರಾಹಕನಿಗೆ ತನ್ನ ಹೆಡ್‌ಫೋನಿನಲ್ಲಿ ಏನು ಬರುತ್ತಿದೆ ಎಂದು ತೀರ್ಮಾನಿಸಲು ಆಗುವುದಿಲ್ಲ. ಅದಕ್ಕೆ ಪ್ರತಿ ಹೊಸ ಜಾಗದಲ್ಲಿ ಒಂದು ನಿಮಿಷ ರೆಕಾರ್ಡ್ ಮಾಡಿ, ಹೊರಗೆ ಬಂದು ಕೇಳಿ, ಮಟ್ಟ ಸರಿಪಡಿಸಿಕೊಂಡು ಒಳಗೆ ಹೋಗುವ ಪದ್ಧತಿ ಇಟ್ಟುಕೊಂಡರು. ಅಂಗಿಗೆ ಸಿಕ್ಕಿಸುವ ಮೈಕಿನಲ್ಲಿ ಮಾತು ಕೇಳಲಿಲ್ಲ. ಬಾಯಿಂದ 3 ಸೆಂಟಿಮೀಟರ್ ದೂರದಲ್ಲಿ ಕೂರುವ ತಲೆಪಟ್ಟಿಯ ಮೈಕು ಕೆಲಸ ಮಾಡಿತು, ಏಕೆಂದರೆ ಒಂದು ಮೀಟರಿಗೆ ಹೋಲಿಸಿದರೆ ಅಲ್ಲಿ ಮಾತು ಸುಮಾರು 30 ಡೆಸಿಬೆಲ್ ಜೋರು. ತೀರಾ ಜೋರು ಸದ್ದನ್ನೂ ಒಡೆಯದೆ ಹಿಡಿಯುವ 32 ಬಿಟ್ ಫ್ಲೋಟ್ ರೆಕಾರ್ಡರ್ ಇದೆಯೆಂದು ಮೈಮರೆಯುವಂತಿಲ್ಲ. ಮೈಕಿನ ಕ್ಯಾಪ್ಸೂಲೇ ಒಡೆದ ಸದ್ದು ಕೊಟ್ಟರೆ ರೆಕಾರ್ಡರ್ ಅದನ್ನು ಉಳಿಸಿಕೊಡಲಾರದು. ದೀರ್ಘ ಸಂದರ್ಶನಗಳನ್ನೆಲ್ಲ ಪಾಳಿ ಮುಗಿದ ಮೇಲೆ, ಶೆಡ್ಡಿನ ಹೊರಗೇ ಮಾಡಿದ್ದು ಸರಿಯಾದ ತೀರ್ಮಾನ.

ಉಳಿದದ್ದು ಬೇಗ ಹೇಳಬಹುದು. ಹತ್ತಿ ನೇಯುವ ಶೆಡ್ಡಿನಲ್ಲಿ ಎಳೆ ಕಡಿಯದಿರಲೆಂದು ಗಾಳಿಯ ತೇವ ಶೇಕಡ 70ರ ಮೇಲೇ ಇಡುತ್ತಾರೆ. ಎ.ಸಿ. ಕಾರಿನಿಂದ ತಂದ ಲೆನ್ಸ್ ಬಿಚ್ಚಿದರೆ ಮಂಜು ಹಿಡಿಯುತ್ತದೆ. ಮುಚ್ಚಿದ ಚೀಲದಲ್ಲೇ ಅರ್ಧ ಗಂಟೆ ಬಿಡಬೇಕು. ಹತ್ತಿ ಧೂಳು ಸೆನ್ಸರಿಗೆ ಹೋಗದಿರಲು ಒಳಗೆ ಲೆನ್ಸ್ ಬದಲಿಸಬಾರದು, ಒಂದೇ ಜೂಮ್ ಸಾಕು. ಧೂಳು ಹೊಡೆಯಲು ಮಿಲ್ಲಿನ ಕಂಪ್ರೆಸರ್ ಗಾಳಿ ಬೇಡ, ಅದರಲ್ಲಿ ಎಣ್ಣೆ, ನೀರು ಸೇರಿರಬಹುದು. ನೆಲದ ಅದುರು ಟ್ರೈಪಾಡಿಗೆ ತಾಗಿ ಚಿತ್ರ ಜೆಲ್ಲಿಯಂತೆ ಕುಣಿಯುತ್ತದೆ. ಕಾಲುಗಳ ಕೆಳಗೆ ದಪ್ಪ ರಬ್ಬರ್ ಹಾಕಿದರೂ ಪೂರ್ತಿ ಹೋಗಲಿಲ್ಲ, ಕೈಯಲ್ಲಿ ಹಿಡಿದದ್ದೇ ವಾಸಿ ಅನ್ನಿಸಿತು. ದುಪ್ಪಟ್ಟಾ, ಕ್ಯಾಮೆರಾ ಪಟ್ಟಿ, ಜೋತಾಡುವ ವೈರು ಯಾವುದೂ ಒಳಗೆ ಬರಬಾರದು. ಮಗ್ಗಗಳ ನಡುವಿನ ಓಣಿ ನೇಕಾರರು ಓಡಾಡುವ ದಾರಿ, ಅಲ್ಲಿ ಸ್ಟ್ಯಾಂಡ್ ನಿಲ್ಲಿಸುವಂತಿಲ್ಲ.

ಬಿರುಕು

ಒಪ್ಪಂದದಂತೆ ಮೊದಲ ಸುತ್ತಿನ ಫುಟೇಜ್ ಇರುವ ಹಾರ್ಡ್ ಡಿಸ್ಕ್ ಮಿಲ್ಲಿಗೆ ಹೋಯಿತು. ಕೆಲವು ವಾರಗಳ ನಂತರ ತಂಡ ಮತ್ತೆ ಒಳಗೆ ಹೋದಾಗ ಯಾರೂ ಮೈಕ್ ಹಾಕಿಸಿಕೊಳ್ಳಲಿಲ್ಲ. ಹಿರಿಯ ನೇಕಾರ ಕ್ಯಾಮೆರಾ ಕಂಡೊಡನೆ ಮಗ್ಗದ ಆಚೆ ಬದಿಗೆ ಹೋಗಿ ನಿಲ್ಲುತ್ತಿದ್ದರು. ಕಾರಣ ಹೇಳಿದ್ದು ಅವರೇ, ಶೆಡ್ಡಿನ ಹೊರಗೆ: "ಮೇಡಂ, ನೀವು ತೆಗೆದ ವಿಡಿಯೋ ಹಾಕ್ಕೊಂಡು ನನ್ನ ಕೈ ಎಷ್ಟು ಸೆಕೆಂಡ್ ತಗೊಳ್ತು ಅಂತ ಎಣಿಸಿದಾರೆ. ಈಗ ಎಲ್ಲರಿಗೂ ಅದೇ ಲೆಕ್ಕ ಹಿಡೀತಾರಂತೆ."

ಕೆಲಸದ ಹೊರೆ ನಿಗದಿ ಮಾಡುವ ವಿಭಾಗದವರು ಆ ನಿಧಾನಗತಿಯ ಶಾಟನ್ನು ನಿಜವಾದ ವೇಗಕ್ಕೆ ತಿರುಗಿಸಿ, ಎಳೆ ಜೋಡಿಸಲು 35 ಸೆಕೆಂಡ್ ಸಾಕು ಎಂದು ಬರೆದುಕೊಂಡಿದ್ದರು. ಆ 35 ಸೆಕೆಂಡ್ ಬಂದದ್ದು ಹೇಗೆ ಎಂದು ನೋಡಬೇಕು. ನೇಕಾರ ಆಗಲೇ ಮಗ್ಗದ ಮುಂದೆ ನಿಂತಿದ್ದರು. ಯಾವ ಎಳೆ ಕಡಿದಿದೆ ಎಂದು ಅವರಿಗೆ ಗೊತ್ತಿತ್ತು, ಏಕೆಂದರೆ ಚಿತ್ರೀಕರಣಕ್ಕಾಗಿ ಅವರೇ ಕತ್ತರಿಸಿದ್ದರು. ಕ್ಯಾಮೆರಾ ಮುಂದೆ ತಮ್ಮ ಕೈಚಳಕ ತೋರಿಸುವ ಉತ್ಸಾಹವಿತ್ತು. ನಿತ್ಯದ ಪಾಳಿಯಲ್ಲಿ ನಡಿಗೆ, ಹುಡುಕಾಟ, ಸೋತ ಗಂಟು ಎಲ್ಲ ಸೇರಿದರೆ ಸರಾಸರಿ 70 ಸೆಕೆಂಡಿನ ಆಸುಪಾಸು.

ವ್ಯತ್ಯಾಸ ಸಣ್ಣದೆಂದು ತೋರುತ್ತದೆ. ಒಂದು ಮಗ್ಗ ಗಂಟೆಗೆ ಮೂರು ಸಲ ನಿಂತರೆ, ಹದಿನಾರು ಮಗ್ಗಕ್ಕೆ 48 ಸಲ. 35 ಸೆಕೆಂಡಿನ ಲೆಕ್ಕದಲ್ಲಿ ಗಂಟೆಗೆ 28 ನಿಮಿಷ ಕೆಲಸ, ಉಳಿದ ಹೊತ್ತು ನೇಕಾರ "ಖಾಲಿ". 70ರ ಲೆಕ್ಕದಲ್ಲಿ 56 ನಿಮಿಷ, ಉಸಿರಾಡಲು ನಾಲ್ಕು ನಿಮಿಷ. ಮೊದಲ ಲೆಕ್ಕವನ್ನು ನಂಬಿ 24 ಮಗ್ಗ ಒಪ್ಪಿಸಿದರೆ ಕಾಗದದ ಮೇಲೆ 42 ನಿಮಿಷದ ಕೆಲಸ; ವಾಸ್ತವದಲ್ಲಿ ಒಂದು ಗಂಟೆಯಲ್ಲಿ 84 ನಿಮಿಷದ ಕೆಲಸ. ಮಗ್ಗಗಳು ನಿಂತೇ ಇರುತ್ತವೆ, ಉತ್ಪಾದನೆ ಕುಸಿಯುತ್ತದೆ, ದೂರು ನೇಕಾರನ ಮೇಲೆ.

ಕಾರ್ಮಿಕರ ಅಂಜಿಕೆಗೆ ಇತಿಹಾಸವೂ ಇದೆ. 1895ರಲ್ಲಿ ಲಿಯೋನಿನಲ್ಲಿ ಲ್ಯೂಮಿಯೇರ್ ಸೋದರರು ಚಿತ್ರೀಕರಿಸಿದ್ದು ತಮ್ಮದೇ ಕಾರ್ಖಾನೆಯ ಬಾಗಿಲಿಂದ ಹೊರಬರುವ ಕಾರ್ಮಿಕರನ್ನು. ಸಿನಿಮಾದ ಆರಂಭದಲ್ಲೇ ಕ್ಯಾಮೆರಾ ಮಾಲೀಕರ ಕೈಯಲ್ಲಿತ್ತು. 1910ರ ದಶಕದಲ್ಲಿ ಅಮೆರಿಕದ ಫ್ರಾಂಕ್ ಮತ್ತು ಲಿಲಿಯನ್ ಗಿಲ್ಬ್ರೆತ್ ದಂಪತಿ ಕೆಲಸಗಾರರ ಪಕ್ಕದಲ್ಲಿ ಸೂಕ್ಷ್ಮ ಗಡಿಯಾರ ಇಟ್ಟು ಚಲನಚಿತ್ರ ತೆಗೆದು, ಕೈಯ ಒಂದೊಂದು ಚಲನೆಯನ್ನೂ ಬಿಡಿಸಿ ಅಳೆದರು. ಇವತ್ತಿನ ಡಿಜಿಟಲ್ ಫುಟೇಜಿಗೆ ಗಡಿಯಾರ ಪಕ್ಕದಲ್ಲಿ ಇಡಬೇಕಾಗಿಲ್ಲ, ಪ್ರತಿ ಫ್ರೇಮಿಗೂ ಟೈಮ್‌ಕೋಡ್, ಅಂದರೆ ಸಮಯದ ಗುರುತು, ಇದ್ದೇ ಇರುತ್ತದೆ. ಸಾಕ್ಷ್ಯಚಿತ್ರ ನಿರ್ದೇಶಕರು ಚೆಲುವಿಗಾಗಿ ತೆಗೆಯುವ ಕತ್ತರಿಸದ ದೀರ್ಘ ಶಾಟ್, ಹೊರೆ ಅಳೆಯುವವರಿಗೆ ಹೇಳಿ ಮಾಡಿಸಿದ ಸಾಮಗ್ರಿ.

ಏನೇನು ಮಾಡಿ ನೋಡಿದರು

ಮೊದಲು ಮಾತಿನ ಭರವಸೆ. ನಿರ್ದೇಶಕಿ ಕಾರ್ಮಿಕರನ್ನು ಕೂರಿಸಿ, ಚಿತ್ರ ಅವರ ಪರವಾಗಿಯೇ ಇದೆ ಎಂದು ವಿವರಿಸಿದರು. ಯಾರೂ ಅಲ್ಲಗಳೆಯಲಿಲ್ಲ, ಯಾರೂ ಕ್ಯಾಮೆರಾ ಮುಂದೆ ಬರಲೂ ಇಲ್ಲ. ಅವರ ಅಂಜಿಕೆ ಚಿತ್ರದ ಬಗ್ಗೆ ಅಲ್ಲ, ಡಿಸ್ಕಿನ ಬಗ್ಗೆ ಇತ್ತು.

ಆಮೇಲೆ ಮುಖ ಮಸುಕು ಮಾಡುವ ಸಲಹೆ. ಇದರಿಂದ ಏನೂ ಪ್ರಯೋಜನವಿಲ್ಲ. ಒಂದೇ ಶೆಡ್ಡಿನಲ್ಲಿ ದುಡಿಯುವವರಿಗೆ ಬೆರಳು, ನಿಲುವು, ಮಗ್ಗದ ನಂಬರ್ ನೋಡಿದರೆ ಯಾರೆಂದು ತಿಳಿಯುತ್ತದೆ. ಸೆಕೆಂಡ್ ಎಣಿಸುವವರಿಗಂತೂ ಮುಖವೇ ಬೇಕಿಲ್ಲ.

ಡಿಸ್ಕ್ ವಾಪಸ್ ಕೇಳಿದರು. ಡಿಸ್ಕ್ ಬಂತು, ಆದರೆ ಅದರ ಪ್ರತಿಗಳು ಎಷ್ಟು ಕಂಪ್ಯೂಟರುಗಳಿಗೆ ಹೋಗಿವೆ ಎಂದು ಯಾರಿಗೂ ಖಚಿತವಾಗಿ ಹೇಳಲಾಗಲಿಲ್ಲ. ಒಮ್ಮೆ ಕೈಬಿಟ್ಟ ಫುಟೇಜ್ ಮರಳಿ ಬಂತೆಂದು ನಂಬುವ ದಾರಿಯೇ ಇಲ್ಲ.

ಇಲ್ಲಿಗೆ ಬಂದಾಗ ನಿರ್ದೇಶಕಿ ಚಿತ್ರೀಕರಣ ನಿಲ್ಲಿಸಿದರು. ಈ ಪ್ರಕರಣದ ನಿಜವಾದ ತಿರುವು ಇದೇ. ಹಳೆಯ ಮಗ್ಗಗಳು ದಿನದಿನಕ್ಕೂ ಕಡಿಮೆಯಾಗುತ್ತಿದ್ದವು. ನಿಲ್ಲಿಸಿದ ಒಂದೊಂದು ವಾರವೂ ಮತ್ತೆ ಸಿಗದಂಥದ್ದು. ಆದರೂ ಕ್ಯಾಮೆರಾ ಓಡಿಸುತ್ತಲೇ ಮಾತುಕತೆ ನಡೆಸಿದ್ದರೆ ಕಾರ್ಮಿಕ ಸಂಘ ಮಾತುಕತೆಗೆ ಕೂರುತ್ತಿರಲಿಲ್ಲ.

ಮಾತುಕತೆಯಲ್ಲಿ ನಿರ್ದೇಶಕಿ ಮೊದಲು ಕೇಳಿದ ಪ್ರಶ್ನೆ: ಮಿಲ್ಲಿಗೆ ನಿಜವಾಗಿ ಏನು ಬೇಕು? ಗಿರಾಕಿಗಳ ಬಟ್ಟೆಯ ವಿನ್ಯಾಸ ಬಯಲಾಗಬಾರದು, ಹಾಸಿನ ಎಳೆಗಳಿಗೆ, ಅಂದರೆ ಉದ್ದದ ನೂಲಿಗೆ, ಹಚ್ಚುವ ಗಂಜಿಯ ಪಾಕ ಗೊತ್ತಾಗಬಾರದು, ಹೊಸ ಮಗ್ಗಗಳ ಪರದೆಯ ಮೇಲಿನ ಸೆಟ್ಟಿಂಗ್ ಕಾಣಬಾರದು, ಸುರಕ್ಷತೆಯ ಲೋಪವಿದ್ದರೆ ಮೊದಲೇ ತಿಳಿಯಬೇಕು. ಇಷ್ಟೂ ನ್ಯಾಯವಾದ ಬೇಡಿಕೆಗಳೇ. ಇವಕ್ಕೆ ರಶಸ್ ಕೊಡಬೇಕಾಗಿಲ್ಲ. ಹೊಸ ಒಪ್ಪಂದ ಹೀಗೆ ರೂಪುಗೊಂಡಿತು: ರಶಸ್ ತಂಡದ ಬಳಿಯೇ ಉಳಿಯುತ್ತದೆ. ಎಡಿಟ್ ಆದ ಚಿತ್ರವನ್ನು ಆಡಳಿತ ಒಮ್ಮೆ ನೋಡಿ, 15 ಕೆಲಸದ ದಿನಗಳೊಳಗೆ ಮೇಲೆ ಹೇಳಿದ ನಾಲ್ಕು ವಿಷಯಗಳ ಬಗ್ಗೆ ಮಾತ್ರ ಲಿಖಿತ ಆಕ್ಷೇಪಣೆ ಸಲ್ಲಿಸಬಹುದು. ಅವಧಿ ಮೀರಿದರೆ ಒಪ್ಪಿದಂತೆ. ತರಬೇತಿ ವಿಡಿಯೋ ಬೇಕಿದ್ದರೆ ಮಿಲ್ಲು ಬೇರೆಯವರಿಂದ, ಸ್ವಇಚ್ಛೆಯಿಂದ ಬಂದವರನ್ನಿಟ್ಟು ಮಾಡಿಸಿಕೊಳ್ಳಬೇಕು. ಈಗಾಗಲೇ ಹೋದ ಫುಟೇಜಿನ ಸಮಯವನ್ನು ಮಗ್ಗ ಹಂಚಿಕೆಗೆ ಆಧಾರವಾಗಿಸುವಂತಿಲ್ಲ.

ಈ ಕೊನೆಯ ಷರತ್ತಿಗೆ ಮಿಲ್ಲಿನ ಜೊತೆ ಸಹಿ ಹಾಕಿದ್ದು ಕಾರ್ಮಿಕ ಸಂಘ, ನಿರ್ದೇಶಕಿ ಅಲ್ಲ. ಅದು ಬಹಳ ವಿವೇಕದ ಹೆಜ್ಜೆ. ಚಿತ್ರ ಮುಗಿದ ಮೇಲೆ ನಿರ್ದೇಶಕಿ ಹೊರಟುಹೋಗುತ್ತಾರೆ. ಷರತ್ತು ಮುರಿದಾಗ ನಷ್ಟ ಅನುಭವಿಸುವವರ ಕೈಯಲ್ಲೇ ಕಾಗದ ಇರಬೇಕು.

ಕಾರ್ಮಿಕರ ಒಪ್ಪಿಗೆಯನ್ನೂ ಮೂರು ಹಂತಕ್ಕೆ ಒಡೆದರು. ಚಿತ್ರೀಕರಣಕ್ಕೆ ಒಂದು, ಒರಟು ಎಡಿಟ್ ನೋಡಿದ ಮೇಲೆ ಒಂದು, ಬಿಡುಗಡೆಗೆ ಮೊದಲು ಒಂದು. ಎರಡನೆಯ ಹಂತದವರೆಗೆ ಯಾರು ಬೇಕಾದರೂ ಕಾರಣ ಕೊಡದೆ ಹಿಂದೆ ಸರಿಯಬಹುದು. ಹಾಳೆಯನ್ನು ಕೊಟ್ಟು ಓದಿಕೊಳ್ಳಿ ಎನ್ನಲಿಲ್ಲ, ಸಂಘದ ಪ್ರತಿನಿಧಿ ಎದುರಲ್ಲಿ ಗಟ್ಟಿಯಾಗಿ ಓದಿ ಹೇಳಲಾಯಿತು.

ಚಿತ್ರೀಕರಣದ ರೀತಿ ಬದಲಾದದ್ದು

ಒಪ್ಪಂದ ಬದಲಿಸಿದರಷ್ಟೇ ಸಾಲದು, ಶಾಟ್ ಆಯ್ಕೆಯೂ ಬದಲಾಗಬೇಕು ಎಂದು ನಿರ್ದೇಶಕಿ ಕಂಡುಕೊಂಡರು. ನೇಕಾರರ ತಲೆಗೆ ಪುಟ್ಟ ಕ್ಯಾಮೆರಾ ಕಟ್ಟಿ ಅವರ ಕಣ್ಣೋಟದಿಂದ ಕೆಲಸ ತೋರಿಸುವ ಯೋಜನೆಯನ್ನು ಕೈಬಿಟ್ಟರು. ಯಂತ್ರಗಳಿಗೆ ಕೈಕೆಲಸ ಕಲಿಸಲು ಈಗ ಸಂಗ್ರಹಿಸುತ್ತಿರುವುದು ಇಂಥದೇ ದೃಶ್ಯಗಳನ್ನು. ಅಂಥದ್ದನ್ನು ಹುಟ್ಟಿಸಿ ಕಾಪಾಡುವುದಕ್ಕಿಂತ ಹುಟ್ಟಿಸದಿರುವುದು ಸುಲಭ.

ಪೂರ್ಣ ಆವರ್ತದ ಕ್ಲೋಸಪ್, ಅಂದರೆ ಮಗ್ಗ ನಿಂತದ್ದರಿಂದ ಮತ್ತೆ ಓಡುವವರೆಗಿನ ಕೈಯ ದೃಶ್ಯ, ಇನ್ನು ಬೇಡ ಎಂದಾಯಿತು. ಅದರ ಬದಲು ದೂರ ನಿಂತು ನೇಕಾರನ ಇಡೀ ಸುತ್ತಾಟ ಹಿಡಿದರು. ಚಿತ್ರದಲ್ಲಿ ಉಳಿದ ಒಂದು ಶಾಟ್ ಹೀಗಿದೆ. ಹಾಸಿನ ಎಳೆಯೊಂದು ಕಡಿಯುತ್ತದೆ, ಅದರ ಮೇಲೆ ತೂಗುತ್ತಿದ್ದ ತೆಳು ಲೋಹದ ಪಟ್ಟಿ ಕೆಳಗೆ ಬಿದ್ದು ಮಗ್ಗ ನಿಲ್ಲುತ್ತದೆ. ನೇಕಾರ ಎರಡು ಓಣಿ ಆಚೆ ಇನ್ನೊಂದು ಮಗ್ಗದ ಮೇಲೆ ಬಾಗಿದ್ದಾರೆ. ಅದನ್ನು ಮುಗಿಸಿ ಬರುತ್ತಾರೆ. ಸಾವಿರಾರು ಎಳೆಗಳ ನಡುವೆ ಬಿದ್ದ ಪಟ್ಟಿ ಯಾವುದೆಂದು ಬೆರಳಾಡಿಸಿ ಹುಡುಕುತ್ತಾರೆ. ಮಗ್ಗದ ಪಕ್ಕಕ್ಕೆ ಕಟ್ಟಿದ್ದ ನೂಲಿನ ಗೊಂಚಲಿನಿಂದ ಒಂದೆಳೆ ಎಳೆದು ಗಂಟು ಹಾಕುತ್ತಾರೆ, ಗಂಟು ಜಾರುತ್ತದೆ, ಮತ್ತೆ ಹಾಕುತ್ತಾರೆ. ಕೊಕ್ಕೆಯಿಂದ, ಹಾಸಿನ ಎಳೆಗಳನ್ನು ಮೇಲೆ ಕೆಳಗೆ ಎತ್ತುವ ಹೀಲ್ಡಿನ ಕಣ್ಣಲ್ಲಿ ತೂರಿಸಿ, ಹಣಿಗೆಯ ಸರಿಯಾದ ಸಂದಿಯಲ್ಲಿ ದಾಟಿಸಿ, ತುದಿಯನ್ನು ಬಟ್ಟೆಯ ಮೇಲೆ ಬಿಗಿಯಾಗಿ ಒತ್ತಿ ಹಿಡಿದು ಮಗ್ಗ ಓಡಿಸುತ್ತಾರೆ. ಅಷ್ಟರಲ್ಲಿ ಹಿಂದೆ ಇನ್ನೊಂದು ಮಗ್ಗ ನಿಂತಿದೆ. ಈ ಶಾಟನ್ನು ಉಳಿಸಬೇಕೆಂದು ಕೇಳಿದ್ದು ನೇಕಾರರೇ. ಯಾರಾದರೂ ಎಣಿಸುವುದಾದರೆ ಇದನ್ನು ಎಣಿಸಲಿ ಎಂಬುದು ಅವರ ವಾದ.

ಕಂಡಿಕೆ ಸುತ್ತುವವರ ವಿಷಯದಲ್ಲಿ ಇದೇ ನಿಯಮ ತಿರುಗುಬಾಣವಾಯಿತು. ಪೂರ್ಣ ಆವರ್ತ ತೋರಿಸಬಾರದು ಎಂದಾಗ ಆಕೆ ಒಪ್ಪಲಿಲ್ಲ. ಅವರ ವಿಭಾಗವೇ ಮುಚ್ಚುತ್ತಿದೆ, ಇನ್ನು ಯಾರೂ ಸೆಕೆಂಡ್ ಎಣಿಸಿ ಹೊರೆ ಹೆಚ್ಚಿಸುವ ಪ್ರಶ್ನೆ ಇಲ್ಲ. ತಾನು ಮಾಡಿದ ಕೆಲಸ ಮೊದಲಿಂದ ಕೊನೆಯವರೆಗೆ, ಮುಖ ಕಾಣುವಂತೆ ಎಲ್ಲಾದರೂ ಉಳಿಯಬೇಕು ಎಂಬುದೇ ಅವರ ಆಸೆ. ಒಬ್ಬರಿಗೆ ರಕ್ಷಣೆಯಾದದ್ದು ಇನ್ನೊಬ್ಬರನ್ನು ಅಳಿಸಿಹಾಕುತ್ತದೆ. ನಿರ್ದೇಶಕಿ ಇಲ್ಲಿ ನಿಯಮ ಸಡಿಲಿಸಿ, ಕಂಡಿಕೆ ಯಂತ್ರದ ಕೆಲಸವನ್ನು ಪೂರ್ತಿಯಾಗಿ, ನಿಧಾನವಾಗಿ ಚಿತ್ರಿಸಿಕೊಂಡರು. ಎಲ್ಲರಿಗೂ ಒಂದೇ ಒಪ್ಪಿಗೆ ಹಾಳೆ ಎಂಬ ಪದ್ಧತಿ ಇಂಥ ಕಡೆ ಏಕೆ ಸಾಲದು ಎಂಬುದಕ್ಕೆ ಇದಕ್ಕಿಂತ ಸ್ಪಷ್ಟ ಉದಾಹರಣೆ ಸಿಗುವುದು ಕಷ್ಟ.

ಒರಟು ಎಡಿಟ್ ತೋರಿಸಿದ ದಿನ

ಪ್ರದರ್ಶನ ನಡೆದದ್ದು ಮಿಲ್ಲಿನ ಹೊರಗೆ, ಮೇಲ್ವಿಚಾರಕರಿಲ್ಲದೆ. ಅಲ್ಲಿ ತಂಡದ ಯಾರಿಗೂ ಹೊಳೆಯದಿದ್ದ ಅಪಾಯವೊಂದು ಹೊರಬಿತ್ತು. ಗದ್ದಲದ ಶೆಡ್ಡಿನಲ್ಲಿ ಇಬ್ಬರು ನೇಕಾರರು ದೂರದಿಂದ ಏನೋ ಮಾತಾಡಿಕೊಳ್ಳುವ ಶಾಟ್ ಇತ್ತು. ಮಗ್ಗದ ಸದ್ದಿನಲ್ಲಿ ಮಾತು ಕೇಳುವುದಿಲ್ಲ, ಆದ್ದರಿಂದ ನಿರಪಾಯ ಎಂದುಕೊಂಡಿದ್ದರು. ಪರದೆಯ ಮುಂದೆ ಕುಳಿತವರು ನಗತೊಡಗಿದರು, ಆಮೇಲೆ ಗಂಭೀರರಾದರು. ತುಟಿಯ ಚಲನೆಯಿಂದಲೇ ಮಾತು ಓದುವುದು ನೇಯ್ಗೆ ಶೆಡ್ಡುಗಳಲ್ಲಿ ರೂಢಿಯಾದ ವಿದ್ಯೆ. ಇಂಗ್ಲೆಂಡಿನ ಲ್ಯಾಂಕಾಷೈರ್ ಮಿಲ್ಲುಗಳ ನೇಕಾರರು ಇದಕ್ಕೆ ಹೆಸರಾಗಿದ್ದರು. ಆ ಇಬ್ಬರು ಮೇಲ್ವಿಚಾರಕರೊಬ್ಬರನ್ನು ಬೈಯುತ್ತಿದ್ದರು, ಆ ಮೇಲ್ವಿಚಾರಕರೂ ನೇಕಾರರಾಗಿ ದುಡಿದು ಮೇಲೆ ಬಂದವರು. ಶಾಟ್ ತೆಗೆದುಹಾಕಲಾಯಿತು. ಆಮೇಲೆ ಮಾತಿಲ್ಲದ ದೃಶ್ಯಗಳನ್ನೆಲ್ಲ ಇಬ್ಬರು ನೇಕಾರರ ಜೊತೆ ಕುಳಿತು ಮತ್ತೊಮ್ಮೆ ಪರಿಶೀಲಿಸಿದರು.

ಅದೇ ಹಂತದಲ್ಲಿ ಜಾಬರ್ ಹಿಂದೆ ಸರಿದರು. ಹೊಸ ಮಗ್ಗದ ಸಾಫ್ಟ್‌ವೇರ್ ಪಾಸ್‌ವರ್ಡ್ ತಮ್ಮ ಕೈಗೆ ಕೊಡುವುದಿಲ್ಲ, ಸಣ್ಣ ದೋಷಕ್ಕೂ ಯಂತ್ರ ಪೂರೈಸಿದವರ ತಂತ್ರಜ್ಞನಿಗೆ ಕಾಯಬೇಕು ಎಂದು ಅವರು ಹೇಳಿದ ಸಂದರ್ಶನ ಚಿತ್ರದ ತಿರುಳಿನಂತಿತ್ತು. ಒಂಬತ್ತು ನಿಮಿಷದಷ್ಟು ದೃಶ್ಯ ಹೋಯಿತು. ಅದನ್ನು ಬೇರೆ ಧ್ವನಿಯಲ್ಲಿ ಹೇಳಿಸುವ ಸಲಹೆ ಬಂದಾಗ ನಿರ್ದೇಶಕಿ ಬೇಡವೆಂದರು. ಆ ಮಿಲ್ಲಿನಲ್ಲಿ ಅಂಥ ಮಾತು ಆಡಬಲ್ಲವರು ಎಷ್ಟು ಮಂದಿ ಎಂದು ಎಲ್ಲರಿಗೂ ಗೊತ್ತು.

ಫಲಿತಾಂಶ

ಚಿತ್ರ ಮುಗಿಯಿತು, ಯೋಜಿಸಿದ್ದಕ್ಕಿಂತ ಚಿಕ್ಕದಾಗಿ. ಹೊಸ ಒಪ್ಪಂದದ ನಂತರ ಆಡಳಿತ ಪ್ರವೇಶದ ಸಮಯ ಕಡಿತಗೊಳಿಸಿತು. ಕೊನೆಯ ಸಾಲಿನ ಲಾಳಿ ಮಗ್ಗಗಳನ್ನು ಗುಜರಿಗೆ ಕಳಿಸುವ ಕೆಲಸಕ್ಕೆ ತಂಡವನ್ನು ಒಳಗೆ ಬಿಡಲಿಲ್ಲ. ಕೆಲವು ಕಾರ್ಮಿಕರು ಮೊಬೈಲಿನಲ್ಲಿ ತೆಗೆದ ತುಣುಕುಗಳನ್ನು ತಂದುಕೊಟ್ಟರು. ಒಳಗೆ ಮೊಬೈಲ್ ಬಳಸುವುದೇ ನಿಷಿದ್ಧವಾಗಿದ್ದರಿಂದ, ತೋರಿಸಿದರೆ ತೆಗೆದವರ ಕೆಲಸಕ್ಕೆ ಕುತ್ತು. ಬಳಸಲಿಲ್ಲ.

ಕಳೆದುಕೊಂಡದ್ದು ನಿಜ, ಆದರೆ ಚಿತ್ರದ ವಸ್ತು ಗಟ್ಟಿಯಾಯಿತು ಎಂದೇ ನಮ್ಮ ಅಭಿಪ್ರಾಯ. ಮೊದಲಿನ ಯೋಜನೆ ಕೈ ಮತ್ತು ಯಂತ್ರದ ಮುಖಾಮುಖಿಯಾಗಿತ್ತು, ಅಂಥ ಚಿತ್ರಗಳು ಬೇಕಾದಷ್ಟಿವೆ. ಕ್ಯಾಮೆರಾ ಹಿಂದಕ್ಕೆ ಸರಿದ ಮೇಲೆ ಕಂಡದ್ದು ನಡಿಗೆ. ಲಾಳಿ ಮಗ್ಗಗಳ ನಡುವೆ ನೇಕಾರ ಕಿವಿಯಿಂದ ದಾರಿ ಹಿಡಿಯುತ್ತಿದ್ದರು; ಯಾವ ಮಗ್ಗದ ಹೊಡೆತ ತಪ್ಪುತ್ತಿದೆ ಎಂದು ಅದು ನಿಲ್ಲುವ ಮೊದಲೇ ಗೊತ್ತಾಗುತ್ತಿತ್ತು. ಏರ್‌ಜೆಟ್ ಶೆಡ್ಡಿನಲ್ಲಿ ಒಂದೇ ಸಮನೆ ಸುಯ್ಯೆನ್ನುವ ಗಾಳಿಯ ಸದ್ದು. ಮಗ್ಗದ ಮೇಲಿನ ಬಣ್ಣದ ದೀಪ ಹಾಸು ಕಡಿಯಿತೋ ಹೊಕ್ಕು ತಪ್ಪಿತೋ ಎಂದು ಹೇಳುತ್ತದೆ, ನೇಕಾರ ಕಣ್ಣಿಂದ ಓಡಾಡುತ್ತಾರೆ. ತಂತ್ರಜ್ಞಾನ ಬದಲಾದಾಗ ದೇಹದ ಯಾವ ಅಂಗಕ್ಕೆ ಕೆಲಸ ಹೋಗುತ್ತದೆ, ಯಾವುದಕ್ಕೆ ಬರುತ್ತದೆ ಎಂಬುದು ಈ ಎರಡು ಸುತ್ತಾಟಗಳನ್ನು ಪಕ್ಕಪಕ್ಕದಲ್ಲಿ ಇಟ್ಟಾಗ ಒಂದು ಮಾತಿನ ವಿವರಣೆಯೂ ಇಲ್ಲದೆ ತಿಳಿಯುತ್ತದೆ.

ಬೇರೆಯವರು ಬಳಸಿಕೊಳ್ಳಬಹುದಾದದ್ದು

ಅನುಮತಿ ಪತ್ರದಲ್ಲಿ "ಎಲ್ಲ ದೃಶ್ಯಗಳು", "ಆಂತರಿಕ ಬಳಕೆ", "ತರಬೇತಿ" ಎಂಬ ಪದಗಳು ಕಂಡರೆ ಅಲ್ಲೇ ನಿಲ್ಲಬೇಕು. ಈಗ "ತರಬೇತಿ" ಮನುಷ್ಯರಿಗೋ ಸಾಫ್ಟ್‌ವೇರಿಗೋ ಎಂದು ಬರೆಸಿಕೊಳ್ಳದೆ ಸಹಿ ಹಾಕಬಾರದು. ಮಿಲ್ಲಿಗೆ ಕೊಡಬೇಕಾದದ್ದು ಮುಗಿದ ಚಿತ್ರ ಮಾತ್ರ. ಪರಿಶೀಲನೆಯ ವಿಷಯಗಳನ್ನು ಎಣಿಸಿ ಬರೆಯಬೇಕು, ಅವಧಿ ಕಟ್ಟಬೇಕು. ಕಾರ್ಮಿಕರ ಒಪ್ಪಿಗೆ ಪತ್ರದಲ್ಲಿ ರಶಸ್ ಯಾರ ಬಳಿ, ಎಷ್ಟು ಕಾಲ, ಯಾರು ನೋಡಬಹುದು ಎಂಬುದು ಪ್ರಸಾರದ ಹಕ್ಕಿಗಿಂತ ಮೊದಲು ಬರಬೇಕು.

ಕಾರ್ಮಿಕರನ್ನು ಪ್ರದರ್ಶನಕ್ಕಾಗಿ ಕೆಲಸ ಮಾಡಿಸುವಾಗ ಹೆಚ್ಚು ಎಚ್ಚರ ಬೇಕು. ಕ್ಯಾಮೆರಾಗಾಗಿ ಮಾಡಿದ ಕೆಲಸ ಯಾವಾಗಲೂ ನಿತ್ಯದ ಕೆಲಸಕ್ಕಿಂತ ಚುರುಕು, ಅಚ್ಚುಕಟ್ಟು. ಹಾಗೆ ಮಾಡಿಸಿದ್ದನ್ನು ಲಾಗ್ ಹಾಳೆಯಲ್ಲಿ "ಪ್ರದರ್ಶನ" ಎಂದು ಗುರುತಿಸಿ, ನಿತ್ಯದ ಪಾಳಿಯ ದೃಶ್ಯಗಳಿಂದ ಬೇರೆ ಫೋಲ್ಡರಿನಲ್ಲಿ ಇಡಬೇಕು. ಈ ತಂಡ ಆಮೇಲೆ ಲಾಗ್ ಹಾಳೆಗೆ ಎರಡು ಕಾಲಂ ಸೇರಿಸಿತು: ಪೂರ್ಣ ಆವರ್ತ ಹೌದೋ ಅಲ್ಲವೋ, ತುಟಿ ಓದಲಾಗುತ್ತದೋ ಇಲ್ಲವೋ.

ಸಂಗ್ರಹದ ಲೆಕ್ಕವನ್ನೂ ಮೊದಲೇ ಹಾಕಬೇಕು. ಸೆಕೆಂಡಿಗೆ 400 ಮೆಗಾಬಿಟ್ ದರದ 4ಕೆ ಫುಟೇಜ್ ಗಂಟೆಗೆ 180 ಜಿಬಿ ತಿನ್ನುತ್ತದೆ; ಮೂರು ಪ್ರತಿ ಎಂದರೆ 540. ಸುರಕ್ಷತೆಗಾಗಿ ಪ್ರತಿ ಹೆಚ್ಚಿಸಿದಷ್ಟೂ ಸೋರುವ ದಾರಿಯೂ ಹೆಚ್ಚುತ್ತದೆ. ಎಲ್ಲ ಡಿಸ್ಕಿಗೂ ಎನ್‌ಕ್ರಿಪ್ಷನ್ ಇರಬೇಕು, ಯಾವ ಪ್ರತಿ ಯಾರ ಮನೆಯಲ್ಲಿ ಇದೆ ಎಂಬ ಪಟ್ಟಿ ಇರಬೇಕು, ಎಡಿಟಿಂಗಿಗೆ ಹೊರಗೆ ಕೊಡುವಾಗ ಟೈಮ್‌ಕೋಡ್ ಮುದ್ರಿತ ಕಡಿಮೆ ಗುಣಮಟ್ಟದ ಬದಲಿ ಪ್ರತಿ (ಪ್ರಾಕ್ಸಿ) ಸಾಕು.

ಚಿತ್ರ ಬಿಡುಗಡೆಯಾದ ಮೇಲೆ ಒಂದು ಚಿತ್ರಭಂಡಾರ ರಶಸ್ ಕೇಳಿತು. ಕಣ್ಮರೆಯಾದ ಯಂತ್ರಗಳ ದಾಖಲೆಯಾಗಿ ಅವುಗಳಿಗೆ ಬೆಲೆ ಇದೆ, ಕೊಡದಿರುವುದೂ ತಪ್ಪಾಗುತ್ತಿತ್ತು. ಸಂಘದೊಂದಿಗೆ ಕುಳಿತು ಹಂಚಿಕೆ ಮಾಡಿದರು. ದೂರದ ಶಾಟ್‌ಗಳು, ಯಂತ್ರಗಳ ಸದ್ದು ಮತ್ತು ಒಪ್ಪಿದವರ ಸಂದರ್ಶನಗಳು ತಕ್ಷಣ ಹೋದವು. ಕಂಡಿಕೆ ವಿಭಾಗದ ಪೂರ್ಣ ದೃಶ್ಯಗಳು ಅಲ್ಲಿ ಕಂಡಿಕೆ ಸುತ್ತುತ್ತಿದ್ದಾಕೆಯ ಇಚ್ಛೆಯಂತೆ ಹೆಸರಿನ ಸಮೇತ ಹೋದವು. ಮಗ್ಗದ ಮುಂದಿನ ಪೂರ್ಣ ಆವರ್ತದ ಶಾಟ್‌ಗಳನ್ನು ಬೇರೆ ಡಿಸ್ಕಿಗೆ ಹಾಕಿ ಮೊಹರು ಮಾಡಲಾಗಿದೆ. ಅದರಲ್ಲಿ ಕಾಣುವ ಕೊನೆಯ ನೇಕಾರ ನಿವೃತ್ತರಾಗುವವರೆಗೆ ಅದನ್ನು ತೆರೆಯುವಂತಿಲ್ಲ, ಪಾಸ್‌ವರ್ಡ್‌ನ ಅರ್ಧ ನಿರ್ದೇಶಕಿಯ ಬಳಿ, ಅರ್ಧ ಸಂಘದ ಬಳಿ.